ಛತ್ರಿ ಹಿಡಿದವನು

೧೫ ಜನವರಿ ೧೯೭೯, ಸೋಮವಾರ

ಹೊಸ ಡೈರಿ. ಮೊದಲ ಪುಟದಲ್ಲಿ ಹೆಸರು, ವಿಳಾಸ ಬರೆಯಲು ಗೆರೆ ಹಾಕಿದ್ದಾರೆ. ಬರೆದೆ: ಉಚ್ಚಂಗೆಪ್ಪ, ವಯಸ್ಸು ಮೂವತ್ತಾರು, ಸಿನಿಮಾ ಆಪರೇಟರ್, ಸರ್ಕಾರಿ ಪ್ರಚಾರ ವ್ಯಾನು, ಚನ್ನಗಿರಿ. ಕಳೆದುಹೋದರೆ ತಿಳಿಸಬೇಕಾದವರ ಹೆಸರು ಅಂತ ಇನ್ನೊಂದು ಗೆರೆ ಇತ್ತು. ಅದನ್ನು ಖಾಲಿ ಬಿಟ್ಟೆ.

ಬೆಂಗಳೂರಿನಿಂದ ಬಸ್ಸಿನ ಮೇಲೆ ಫಿಲ್ಮ್ ಪೆಟ್ಟಿಗೆ ಬಂತು. ಬರಬೇಕಾಗಿದ್ದದ್ದು ಸಣ್ಣ ಉಳಿತಾಯದ ಚಿತ್ರ, ಒಂದೇ ರೀಲು, ಹದಿನೆಂಟು ನಿಮಿಷ. ಬಂದಿದ್ದು ಮೂರು ದೊಡ್ಡ ಡಬ್ಬಿ. ಮುಚ್ಚಳದ ಮೇಲೆ ಕಡ್ಡಿ ಜೋಡಿಸಿದ ಹಾಗೆ ಏನೋ ಲಿಪಿ, ಕೆಳಗೆ ಇಂಗ್ಲಿಷಿನಲ್ಲಿ ಜಪಾನ್, ಸೈಲೆಂಟ್ ಅಂತ ಎರಡೇ ಮಾತು. ಫಿಲ್ಮನ್ನು ಬೆಳಕಿಗೆ ಹಿಡಿದು ನೋಡಿದೆ. ಹೆಂಚಿನ ಮನೆಯ ಮೇಲೆ ಒಬ್ಬ ಓಡುತ್ತಿದ್ದಾನೆ, ಮುಖಕ್ಕೆ ಬಟ್ಟೆ ಕಟ್ಟಿಕೊಂಡಿದ್ದಾನೆ. ಕಳ್ಳನ ಸಿನಿಮಾ. ಇಡೀ ಕರ್ನಾಟಕದಲ್ಲಿ ಅದಕ್ಕೆ ನನ್ನ ವಿಳಾಸವೇ ಬೇಕಾಗಿತ್ತು.

ಮನೆಯಲ್ಲಿ ಅವ್ವ ಮತ್ತು ನಾನು. ಅವ್ವ ನನ್ನ ಹತ್ತಿರ ಮಾತು ಬಿಟ್ಟು ಹದಿನೇಳು ತಿಂಗಳಾಯಿತು. ಹೇಳಬೇಕಾದದ್ದನ್ನು ಕೋಳಿಗೆ ಹೇಳುತ್ತಾಳೆ. "ಏ ಕೋಳಿ, ಸೀಮೆಎಣ್ಣೆ ಮುಗಿದೈತೆ ಅಂತ ಹೇಳೇ." ನಾನು ತರುತ್ತೇನೆ. ಕೋಳಿ ಮೊಟ್ಟೆ ಇಡುವುದನ್ನು ಬಿಟ್ಟು ವರ್ಷವಾಯಿತು, ಆದರೂ ಕೊಯ್ದಿಲ್ಲ. ಅದಿಲ್ಲದಿದ್ದರೆ ನಮ್ಮ ಮನೆ ನಡೆಯುವುದಿಲ್ಲ.

ತಮ್ಮ ಬೈಲಪ್ಪ ಅಡಿಕೆ ಮಂಡಿಯಲ್ಲಿ ಹಮಾಲಿಯಾಗಿದ್ದ. ಎರಡು ಚೀಲ ಅಡಿಕೆ ಕದ್ದು ಉಬ್ರಾಣಿಗೆ ಹೋಗಿ ಸೋದರಮಾವನ ಹುಲ್ಲಿನ ಬಣವೆಯ ಹಿಂದೆ ಅಡಗಿದ್ದ. ಪೊಲೀಸರಿಗೆ ಹೇಗೋ ಗೊತ್ತಾಯಿತು. ಒಂದೂವರೆ ವರ್ಷ ಶಿಕ್ಷೆ. ಶಿವಮೊಗ್ಗದ ಜೈಲಿನಿಂದ ಬರುವ ಮಾರ್ಚ್ ಹದಿನಾರಕ್ಕೆ ಬಿಡುತ್ತಾರೆ.

ಗೂಡಿನಲ್ಲಿ ಮೂರು ಗಂಗಾಳ. ಅವ್ವ ದಿನಾ ಮೂರನ್ನೂ ಬೆಳಗುತ್ತಾಳೆ, ಎರಡರಲ್ಲಿ ಬಡಿಸುತ್ತಾಳೆ. ಇವತ್ತು ಮುದ್ದೆ, ಹುರುಳಿ ಸಾರು. ಉಪ್ಪು ಇತ್ತೋ ಇಲ್ಲವೋ ಗೊತ್ತಾಗಲಿಲ್ಲ.

೧೭ ಜನವರಿ, ಬುಧವಾರ

ಪೆಟ್ಟಿಗೆ ಅದಲುಬದಲಾಗಿದೆ ಅಂತ ಕಾಗದ ಬರೆದು ಧರ್ಮಪ್ಪನವರ ಮುಂದೆ ಇಟ್ಟೆ. ಅವರು ನಮ್ಮ ಅಧಿಕಾರಿ. ಕಾಗದಕ್ಕೆ ಸಹಿ ಹಾಕಿದರು, ಆದರೆ ಮುಖ ಎತ್ತಲಿಲ್ಲ.

"ಉತ್ತರ ಬರಾಕೆ ಎರಡು ತಿಂಗಳಾಗ್ತೈತೆ. ಅಲ್ಲೀತನಕ ಕೈಕಟ್ಟಿ ಕೂರಾಕೆ ಆಗಲ್ಲ ಉಚ್ಚಂಗೆಪ್ಪ. ಪ್ರದರ್ಶನ ಆಗಲೇಬೇಕು. ಅದನ್ನೇ ತೋರಿಸ್ರಿ."

"ಸಾರ್, ಅದು ಕಳ್ಳನ ಸಿನಿಮಾ."

"ಒಳ್ಳೇದೇ ಆತಲ್ರೀ. ಕಳ್ಳರು ಅದಾರೆ, ಅದಕ್ಕೇ ದುಡ್ಡು ಮನೆಯಾಗೆ ಇಡಬ್ಯಾಡ್ರಿ, ಪೋಸ್ಟಾಫೀಸಿನಾಗೆ ಇಡ್ರಿ ಅಂತ ಮೈಕಿನಾಗೆ ಒಂದು ಮಾತು ಒಗೀರಿ. ಸಣ್ಣ ಉಳಿತಾಯ ಆತು."

ಟೂರ್ ಡೈರಿಯಲ್ಲಿ ಸಣ್ಣ ಉಳಿತಾಯ ಅಂತಲೇ ಬರೆಯುವುದು ಅಂತ ತೀರ್ಮಾನವಾಯಿತು. ನನಗೇನು, ಪರದೆ ಕಟ್ಟು ಅಂದರೆ ಕಟ್ಟುತ್ತೇನೆ.

೨೦ ಜನವರಿ, ಶನಿವಾರ. ಸಂತೇಬೆನ್ನೂರು

ಶಾಲೆಯ ಬಯಲಲ್ಲಿ ಪರದೆ ಕಟ್ಟಿದೆವು. ಗಂಡಸರು ಮುಂದೆ, ಹೆಂಗಸರಲ್ಲಿ ಅರ್ಧ ಜನ ಪರದೆಯ ಹಿಂದೆ. ನಮ್ಮದು ತೆಳು ಬಟ್ಟೆ. ಹಿಂದಿನಿಂದಲೂ ಸಿನಿಮಾ ಕಾಣುತ್ತದೆ, ಎಡಬಲ ತಿರುಗಿರುತ್ತದೆ ಅಷ್ಟೆ.

ಶುರು ಮಾಡಿದ ಕೂಡಲೇ ಜನ ಬಿದ್ದು ಬಿದ್ದು ನಕ್ಕರು. ಕಳ್ಳ, ಪೊಲೀಸರು, ಮುದುಕಿಯರು ಎಲ್ಲರೂ ಗೂಡಿಗೆ ನೀರು ಬಿದ್ದ ಇರುವೆಗಳ ಹಾಗೆ ಓಡಾಡುತ್ತಿದ್ದರು. ಪ್ರೊಜೆಕ್ಟರಿನ ಪಕ್ಕದಲ್ಲಿ ಸೈಲೆಂಟ್ ಅಂತ ಒಂದು ಸಣ್ಣ ಸ್ವಿಚ್ಚಿದೆ. ಹನ್ನೊಂದು ವರ್ಷದಲ್ಲಿ ಒಂದು ಸಲವೂ ಅದನ್ನು ಮುಟ್ಟಿರಲಿಲ್ಲ. ಒತ್ತಿದೆ. ರೀಲಿನ ಓಟ ನಿಧಾನವಾಗಿ ಎಲ್ಲರೂ ಮನುಷ್ಯರ ಹಾಗೆ ನಡೆಯತೊಡಗಿದರು.

ಆಮೇಲೆ ಇನ್ನೊಂದು ತಕರಾರು. "ಏ ಆಪರೇಟ್ರೇ, ಸೌಂಡ್ ಬಿಡ್ರಿ!" ಸೌಂಡೇ ಇಲ್ಲ ಅಂದರೆ ಯಾರೂ ನಂಬಲಿಲ್ಲ. ನಾನು ಅದನ್ನೂ ನುಂಗಿ ಹಾಕಿದ್ದೇನೆ ಅನ್ನುವ ಹಾಗೆ ನೋಡಿದರು. ಡ್ರೈವರ್ ಯರ್ರಿಸ್ವಾಮಿ ಮೈಕು ತಂದು ನನ್ನ ಕೈಗೆ ತುರುಕಿದ. ಜಗಳೂರಿನವನು, ಗಟ್ಟಿ ಮನುಷ್ಯ, ಜನರ ಗಲಾಟೆ ಅಂದರೆ ಮಾತ್ರ ಹೆದರುತ್ತಾನೆ. "ಏನಾರ ಒದರ್ರಿ ಅಣ್ಣಾರೆ. ಇಲ್ಲಾಂದ್ರೆ ವ್ಯಾನಿಗೆ ಕಲ್ಲು ಬೀಳ್ತಾವೆ."

ಒದರಿದೆ. ಇವನು ಕಳ್ಳ. ಇದು ಸಾಹುಕಾರನ ಮನೆ. ಕದ್ದ. ಓಡಿದ. ಇವಳು ಬಡ ಹೆಂಗಸು. ಇವಳ ಬಾಗಿಲಲ್ಲಿ ದುಡ್ಡು ಇಟ್ಟುಹೋದ. ನನಗೆ ತಿಳಿದಷ್ಟು ಕಥೆ ಇಷ್ಟೇ: ಉಳ್ಳವರ ಮನೆಯಲ್ಲಿ ಕದ್ದು ಇಲ್ಲದವರಿಗೆ ಹಂಚುವ ಕಳ್ಳ. ಎರಡನೆಯ ರೀಲಿನಲ್ಲಿ ಒಂದು ಸೇತುವೆಯ ಹತ್ತಿರ ಛತ್ರಿ ಹಿಡಿದ ಒಬ್ಬನನ್ನು ಭೇಟಿಯಾಗುತ್ತಾನೆ. ಇಬ್ಬರೂ ಕೂತು ಕಡ್ಡಿಯಿಂದ ಶಾವಿಗೆ ತಿನ್ನುತ್ತಾರೆ. ಮೂರನೆಯ ರೀಲಿನಲ್ಲಿ ಆ ಛತ್ರಿಯವನು ಪೊಲೀಸರ ಮುಂದೆ ಕೈ ಎತ್ತಿ ಕಳ್ಳ ಅಡಗಿದ ಮನೆ ತೋರಿಸುತ್ತಾನೆ. ಸುತ್ತ ನೂರು ಕಂದೀಲು, ಏಣಿ, ಹಗ್ಗ. ಕಳ್ಳ ಮಾಡಿನ ಮೇಲೆ ನಿಂತು ಕೆಳಗೆ ನೋಡುತ್ತಾನೆ. ಜನರ ನಡುವೆ ಛತ್ರಿಯವನು ಕಾಣುತ್ತಾನೆ. ಅಲ್ಲಿಗೆ ಫಿಲ್ಮ್ ತುಂಡಾಗಿದೆ. ಪರದೆ ಬೆಳ್ಳಗೆ.

"ಮುಂದೆ ಏನಾತು?"

"ಮುಂದೆ ಇಲ್ಲ."

"ಇಲ್ಲಾಂದ್ರೆ ಹೆಂಗ್ರೀ? ಸಿಕ್ಕನೋ, ಪಾರಾದನೋ?"

"ಗಲ್ಲಿಗೆ ಹಾಕಿದರು," ಅಂದೆ. "ಎಲ್ಲರೂ ಪೋಸ್ಟಾಫೀಸಿನಲ್ಲಿ ಖಾತೆ ತೆರೆಯಿರಿ."

ಜನ ಬೈದುಕೊಂಡು ಎದ್ದುಹೋದರು. ಟೂರ್ ಡೈರಿ: ಸಣ್ಣ ಉಳಿತಾಯ, ಹಾಜರಿ ಸುಮಾರು ನಾನೂರು, ಪ್ರತಿಕ್ರಿಯೆ ಉತ್ತಮ.

೨೧ ಜನವರಿ, ಭಾನುವಾರ

ಮಲಗಿದ್ದೆ.

೨೭ ಜನವರಿ, ಶನಿವಾರ

ಬೈಲಪ್ಪನ ಕಾರ್ಡು ಬಂತು. ಅವ್ವನ ಹೆಸರಿಗೆ. ಅವ್ವನಿಗೆ ಓದು ಬಾರದು. ಕಾರ್ಡನ್ನು ನನ್ನ ಮುಂದೆ ನೆಲದ ಮೇಲಿಟ್ಟು, ಕೋಳಿಯನ್ನು ಮಡಿಲಿಗೆ ಹಾಕಿಕೊಂಡು ಕೂತಳು. ನಾನು ಓದಿದೆ. ಆರೋಗ್ಯವಾಗಿದ್ದೇನೆ, ಮಾರ್ಚ್ ಹದಿನಾರಕ್ಕೆ ಬಿಡುಗಡೆ, ನಿನ್ನ ಮೊಣಕಾಲು ಹೇಗಿದೆ.

ಕೆಳಗೆ ಇನ್ನೂ ಮೂರು ಸಾಲು ಇದ್ದವು. "ಅಣ್ಣ ಕರಕೊಂಡು ಹೋಗಾಕೆ ಬರೋದು ಬ್ಯಾಡ. ಅವನಿರೋ ಮನೆಗೆ ನಾನು ಬರಲ್ಲ. ಬಿಟ್ಟ ದಿನಾನೇ ಹುಬ್ಬಳ್ಳಿ ಬಸ್ಸು ಹತ್ತತೀನಿ, ಅಲ್ಲಿ ಕೆಲಸ ಐತೆ."

ಆ ಮೂರು ಸಾಲು ಓದಲಿಲ್ಲ. ಅವ್ವ ಇನ್ನಷ್ಟು ಹೊತ್ತು ಹಾಗೇ ಕೂತಿದ್ದಳು. ಆಮೇಲೆ ಎದ್ದು ಒಲೆ ಹಚ್ಚಿದಳು.

೨೯ ಜನವರಿ, ಸೋಮವಾರ

ಪೋಸ್ಟ್‌ಮ್ಯಾನ್ ಪಾಲಣ್ಣ ದಾರಿಯಲ್ಲಿ ಸಿಕ್ಕ. "ನಿಮ್ಮವ್ವಗೆ ಸಮಾಧಾನ ಹೇಳ್ರಿ. ಕಾರ್ಡು ಓದಿ ಹೇಳಿದ ಕೂಡ್ಲೇ ಬಾಗಿಲಾಗೇ ಕುಂತುಬಿಟ್ರು. ಹುಡುಗ ಸಿಟ್ಟಿನಾಗೆ ಬರೆದಾನೆ, ಬಂದೇ ಬರ್ತಾನೆ."

ಅಂದರೆ ಕಾರ್ಡು ನನ್ನ ಮುಂದೆ ಬರುವ ಮೊದಲೇ ಅವ್ವ ಅದನ್ನು ಪೂರ್ತಿ ಕೇಳಿಸಿಕೊಂಡಿದ್ದಳು. ನಾನು ಎಲ್ಲಿಗೆ ನಿಲ್ಲಿಸುತ್ತೇನೆ ಅಂತ ನೋಡಲಿಕ್ಕೇ ಕೋಳಿ ಹಿಡಿದು ಕೂತಿದ್ದಳು.

ಸಂಜೆ ಅವಳ ಮುಖ ನೋಡಿದೆ. ಏನೂ ಅನ್ನಿಸಲಿಲ್ಲ. ಪ್ರೊಜೆಕ್ಟರಿಗೆ ಎಣ್ಣೆ ಬಿಟ್ಟೆ.

೩ ಫೆಬ್ರವರಿ, ಶನಿವಾರ. ಹೊನ್ನಾಳಿ

ಈಗ ಮೈಕಿನಲ್ಲಿ ಹೇಳುವುದು ಒಂದು ರೂಢಿಯಾಗಿದೆ. ಇದು ಐದನೆಯ ಪ್ರದರ್ಶನ. ಜನರೇ ಅದಕ್ಕೆ ಕಾರಣ, ಬಿಡುವುದಿಲ್ಲ. ಕಳ್ಳನಿಗೆ ಹೆಸರೇನು ಅಂತ ಕೇಳುತ್ತಾರೆ. ಕಳ್ಳನ ತಾಯಿ ಎಲ್ಲಿದ್ದಾಳೆ ಅಂತ ಕೇಳುತ್ತಾರೆ.

ಶಾವಿಗೆ ತಿನ್ನುವ ಜಾಗ ಬಂತು. ಇಷ್ಟು ದಿನ "ಛತ್ರಿ ಹಿಡಿದವನು ಪೊಲೀಸರ ಕಡೆಯವನು, ಸ್ನೇಹದ ನಾಟಕ ಆಡುತ್ತಿದ್ದಾನೆ" ಅಂತ ಹೇಳುತ್ತಿದ್ದೆ. ಇವತ್ತೂ ಅದನ್ನೇ ಅಂದೆ. ಮುಂದೆ ಕೂತಿದ್ದ ಒಬ್ಬ ಮುದುಕಿ ಎದ್ದು ನಿಂತಳು. ಅವಳ ತಲೆಯ ನೆರಳು ಪರದೆಯ ಮೇಲೆ ಬಿತ್ತು.

"ಸುಳ್ಳು ಹೇಳಬ್ಯಾಡಪ್ಪ. ಇಬ್ರೂ ಒಂದೇ ಬಟ್ಟಲಿನಾಗೆ ಉಣ್ಣಾಕೆ ಹತ್ಯಾರೆ. ಪೊಲೀಸ್ನೋನು ಕಳ್ಳನ ಎಂಜಲು ಉಂಬ್ತಾನೇನು? ಒಂದೇ ಬಟ್ಟಲಿನಾಗೆ ಉಣ್ಣೋರು ಅಣ್ಣ ತಮ್ಮಂದಿರು. ಅವನು ಇವನ ಅಣ್ಣ."

ನಾನು ನೋಡಿದೆ. ನಿಜ. ಇಬ್ಬರ ನಡುವೆ ಬಟ್ಟಲು ಒಂದೇ ಇತ್ತು. ಐದು ಸಲ ತೋರಿಸಿದ್ದೇನೆ, ಕಂಡಿರಲಿಲ್ಲ. ಜನರೆಲ್ಲ ಹೌದು ಹೌದು, ಅಣ್ಣನೇ, ಮೂಗು ನೋಡ್ರಿ ಒಂದೇ ಥರ ಐತೆ ಅಂತ ಶುರು ಮಾಡಿದರು. ಹೇಳ್ರಿ ಆಪರೇಟ್ರೇ, ಅಣ್ಣ ಹೌದಲ್ಲೋ?

"ಹೌದು," ಅಂದೆ. "ಅಣ್ಣ."

ಮೂರನೆಯ ರೀಲಿನಲ್ಲಿ ಛತ್ರಿಯವನು ಕೈ ಎತ್ತಿ ಮನೆ ತೋರಿಸಿದಾಗ ಯಾರೂ ಬೈಯಲಿಲ್ಲ. ಜನರೇಟರ್ ಒಂದೇ ಕೇಳುತ್ತಿತ್ತು. ಹೆಂಗಸೊಬ್ಬಳು ಅತ್ತಳು. ವಾಪಸು ಬರುವಾಗ ಯರ್ರಿಸ್ವಾಮಿ ರಸ್ತೆಯ ಮೇಲಿನ ಕಣ್ಣು ತೆಗೆಯಲಿಲ್ಲ. ಅವನಿಗೆ ಬೈಲಪ್ಪನ ವಿಷಯ ಗೊತ್ತು, ಊರಿಗೆಲ್ಲ ಗೊತ್ತು.

ಖಾತೆ ತೆರೆಯಿರಿ ಅಂತ ಹೇಳುವುದು ಮರೆತುಹೋಯಿತು.

೪ ಫೆಬ್ರವರಿ, ಭಾನುವಾರ

ಗಡ್ಡ ಮಾಡಿಕೊಳ್ಳುವಾಗ ಗಲ್ಲ ಕೊಯ್ದುಕೊಂಡೆ. ಬೇರೆ ವಿಶೇಷ ಇಲ್ಲ.

೧೦ ಫೆಬ್ರವರಿ, ಶನಿವಾರ. ನ್ಯಾಮತಿ

ಈ ಊರಿಗೆ ಬರುವುದು ನನಗೆ ಇಷ್ಟವಿಲ್ಲ. ಇಲ್ಲಿ ನನಗೊಂದು ಸಂಬಂಧ ಕೂಡಿಬಂದಿತ್ತು. ತಮ್ಮ ಜೈಲಿಗೆ ಹೋದ ಮೇಲೆ ಅವರು ಹುಡುಗಿಗೆ ಇಷ್ಟು ಬೇಗ ಮದುವೆ ಬೇಡ ಅಂತ ಹೇಳಿಕಳಿಸಿದರು. ಹುಡುಗಿಗೆ ಇಪ್ಪತ್ತಾರು ಆಗಿತ್ತು. ಅವಳಪ್ಪ ಇವತ್ತು ಕುರ್ಚಿ ತರಿಸಿಕೊಂಡು ಮುಂದೆ ಕೂತಿದ್ದ.

ಹೊನ್ನಾಳಿಯವರಿಂದ ಸುದ್ದಿ ಬಂದಿತ್ತೋ ಏನೋ, ನಾನು ಹೇಳುವ ಮೊದಲೇ ಛತ್ರಿಯವನು ಅಣ್ಣ ಅಂತ ಇಲ್ಲಿನವರಿಗೆ ಗೊತ್ತಿತ್ತು. ಅವನು ಕೈ ಎತ್ತಿದ ಕೂಡಲೇ ಹಿಂದಿನಿಂದ ಯಾರೋ ಸಗಣಿ ಉಂಡೆ ಎಸೆದರು. ಸರಿಯಾಗಿ ಛತ್ರಿಯವನ ಮುಖಕ್ಕೆ ಬಿತ್ತು. ಜನ ಕೇಕೆ ಹಾಕಿದರು.

ನಾನು ಸುಮ್ಮನಿರಬಹುದಿತ್ತು. ಮೈಕು ಕೈಯಲ್ಲೇ ಇತ್ತು. "ಅವನಿಗೂ ಏನೋ ಕಷ್ಟ ಇದ್ದಿರಬೇಕು," ಅಂದೆ.

"ಏನು ಕಷ್ಟ? ಹೇಳ್ರಿ ನೋಡಾಣ."

ಮೈಕು ಕೆಳಗಿಟ್ಟೆ. ರೀಲು ಓಡುತ್ತಾ ಹೋಯಿತು. ಕುರ್ಚಿಯವನು ನನ್ನ ಕಡೆ ತಿರುಗಿ ನೋಡಿದ.

೧೧ ಫೆಬ್ರವರಿ, ಭಾನುವಾರ

ಹಿತ್ತಲಲ್ಲಿ ಪರದೆ ಒಗೆಯುತ್ತಿದ್ದೆ. ಅವ್ವ ಬಾಗಿಲಲ್ಲಿ ನಿಂತು ನೋಡಿದಳು. "ಏ ಕೋಳಿ, ಸಗಣಿ ಕಲೆ ಬಿಸಿನೀರಿಗೆ ಹೋಗಲ್ಲ, ತಣ್ಣೀರಾಗೆ ನೆನೆಹಾಕು ಅಂತ ಹೇಳೇ." ಸಿನಿಮಾ ಪರದೆಗೆ ಸಗಣಿ ಯಾಕೆ ಬಿತ್ತು ಅಂತ ಕೇಳಲಿಲ್ಲ. ಕೋಳಿಗೂ ಹೇಳಲಿಲ್ಲ.

ಕಲೆ ಪೂರ್ತಿ ಹೋಗಿಲ್ಲ. ನಡುವೆ ಹಳದಿ ಮಚ್ಚೆ ಉಳಿದಿದೆ.

೧೯ ಫೆಬ್ರವರಿ, ಸೋಮವಾರ

ಪೆಟ್ಟಿಗೆಯ ವಾರಸುದಾರರು ಸಿಕ್ಕಿದರು. ಶಿವಮೊಗ್ಗದಲ್ಲಿ ಸಿನಿಮಾ ನೋಡುವವರ ಸಂಘ ಒಂದಿದೆಯಂತೆ, ಅವರದು. ದುರುಗಣ್ಣ ಅನ್ನುವ ಕಾಲೇಜು ಮೇಷ್ಟರು ಕಾಗದ ಬರೆದಿದ್ದಾರೆ. ನಮ್ಮ ಸಣ್ಣ ಉಳಿತಾಯದ ರೀಲು ಅವರಲ್ಲಿಗೆ ಹೋಗಿದೆ. ಅದನ್ನು ಜಪಾನಿನ ಚಿತ್ರಕ್ಕೆ ಮೊದಲು ಹಾಕುವ ಸರ್ಕಾರಿ ಚಿತ್ರ ಅಂದುಕೊಂಡು ಸಂಘದವರೆಲ್ಲ ಕೊನೆಯವರೆಗೂ ಶ್ರದ್ಧೆಯಿಂದ ನೋಡಿದರಂತೆ. ಮಾರ್ಚ್ ಮೊದಲ ವಾರ ಬಂದು ಪೆಟ್ಟಿಗೆ ಒಯ್ಯುತ್ತಾರೆ. ಜೊತೆಗೆ ಚಿತ್ರದ ಕಥೆ ಟೈಪ್ ಮಾಡಿದ ಒಂದು ಹಾಳೆ ಇಟ್ಟಿದ್ದರು, ಇಂಗ್ಲಿಷಿನಲ್ಲಿ. ಧರ್ಮಪ್ಪನವರ ಡಿಕ್ಷನರಿ ಇಸಕೊಂಡು ಮಧ್ಯಾಹ್ನವೆಲ್ಲ ಓದಿದೆ.

ಛತ್ರಿಯವನು ಅಣ್ಣ ಅಲ್ಲ. ಸೇತುವೆಯ ಪಕ್ಕದ ಊಟದ ಅಂಗಡಿಯ ಮಾಲೀಕ. ಬಹುಮಾನದ ಆಸೆಗೆ ಕಳ್ಳನನ್ನು ಹಿಡಿದುಕೊಟ್ಟವನು. ಅಷ್ಟೇ. ಚಿತ್ರದ ಕೊನೆಯ ಭಾಗ ಎಂದೋ ನಾಶವಾಗಿದೆ, ಕಳ್ಳನ ಗತಿ ಏನಾಯಿತು ಅಂತ ಈಗ ನೋಡಲು ಸಾಧ್ಯವಿಲ್ಲ ಅಂತ ಕೆಳಗೆ ಬರೆದಿದೆ.

ಸಮಾಧಾನವಾಗಬೇಕಿತ್ತು, ಆಗಲಿಲ್ಲ. ಮನೆಗೆ ಬಂದು ಈ ಡೈರಿಯ ಹಿಂದಿನ ಪುಟಗಳನ್ನು ತಿರುಗಿಸಿದೆ. ಜನವರಿ ಹದಿನೈದರಂದು ಪೊಲೀಸರಿಗೆ ಹೇಗೋ ಗೊತ್ತಾಯಿತು ಅಂತ ಬರೆದಿದ್ದೇನೆ. ಇದು ನನ್ನ ಡೈರಿ, ಬೇರೆ ಯಾರೂ ಓದುವುದಿಲ್ಲ. ಇಲ್ಲಿಯೂ ಹಾಗೇ ಬರೆದಿದ್ದೇನೆ.

ಗೊತ್ತಾಗಿದ್ದು ನನ್ನಿಂದ. ಒಬ್ಬ ಹೆಡ್ ಕಾನ್‌ಸ್ಟೇಬಲ್ ಆಫೀಸಿಗೇ ಬಂದಿದ್ದ. "ಸರ್ಕಾರಿ ನೌಕರಿಯಾಗೆ ಇದ್ದೀಯ. ತಮ್ಮ ಎಲ್ಲವ್ನೆ ಹೇಳಿಬಿಡು. ಎರಡೇಟು ಹಾಕಿ, ಮಾಲು ವಾಪಸ್ ಕೊಡಿಸಿ, ಬಿಟ್ಟುಬಿಡ್ತೀವಿ. ಕೇಸಿಲ್ಲ, ಗೀಸಿಲ್ಲ." ನಂಬಿದೆ. ನೌಕರಿಗೂ ಹೆದರಿದೆ. ಯಾವುದು ಎಷ್ಟು ಅಂತ ನನಗೇ ಗೊತ್ತಿಲ್ಲ. ಜೀಪಿನಲ್ಲಿ ಕೂತು ಉಬ್ರಾಣಿಯವರೆಗೆ ಹೋದೆ. ಬಣವೆಯ ಕಡೆ ಕೈ ಎತ್ತಿ ತೋರಿಸಿದೆ. ಬೈಲಪ್ಪ ಹುಲ್ಲು ಕೊಡವಿಕೊಂಡು ಎದ್ದು ನಿಂತು ನನ್ನನ್ನು ನೋಡಿದ. ಅಡಿಕೆ ಚೀಲ ಎರಡೂ ಹಾಗೇ ಇದ್ದವು, ಬಾಯಿ ಕೂಡ ಬಿಚ್ಚಿರಲಿಲ್ಲ. ಅವನು ಯಾರಿಗೂ ಹಂಚಿರಲಿಲ್ಲ. ಅಷ್ಟು ಬುದ್ಧಿಯಿದ್ದರೆ ಕದಿಯುತ್ತಲೇ ಇರಲಿಲ್ಲ.

ಅವತ್ತು ಸಂಜೆ ಅವ್ವ ಕೇಳಿದಳು, "ನೀನು ಹೇಳಿದ್ಯಾ?" ಇಲ್ಲ ಅಂದೆ. ಅವಳು ನನ್ನ ಜೊತೆ ಆಡಿದ ಕೊನೆಯ ಮಾತು ಅದು.

ಬರೆದಾಯಿತು. ಬರೆದರೆ ಏನೋ ಆಗುತ್ತದೆ ಅಂದುಕೊಂಡಿದ್ದೆ. ಬೀದಿಯ ನಲ್ಲಿಗೆ ನೀರು ಬಂತು, ಹಿಡಿದಿಟ್ಟೆ.

೨೪ ಫೆಬ್ರವರಿ, ಶನಿವಾರ. ಜಗಳೂರು

ಇಲ್ಲಿನ ಆಪರೇಟರಿಗೆ ಕಾಮಾಲೆ. ಅದಕ್ಕೆ ನಮ್ಮನ್ನು ಕಳಿಸಿದರು. ಯರ್ರಿಸ್ವಾಮಿಗೆ ತನ್ನೂರು ಅಂತ ಖುಷಿ. ಇಡೀ ಬಳಗವನ್ನು ಕರೆದುಕೊಂಡು ಬಂದಿದ್ದ.

ಛತ್ರಿಯವನು ಊಟದ ಅಂಗಡಿಯವನು ಅಂತ ಗೊತ್ತಿದ್ದೂ ಅಣ್ಣ ಅಂತಲೇ ಹೇಳಿದೆ. ಯಾಕೋ ಗೊತ್ತಿಲ್ಲ, ಅಭ್ಯಾಸ. ಅವನು ಕೈ ಎತ್ತುವ ಹೊತ್ತಿಗೆ ಜನ ಗೊಣಗತೊಡಗಿದರು. ಆಗ ನಾನು ಹೇಳಿದೆ. ಅವನಿಗೆ ಸರ್ಕಾರಿ ನೌಕರಿ ಇತ್ತು. ಎರಡೇಟು ಹಾಕಿ ಬಿಟ್ಟುಬಿಡುತ್ತೇವೆ ಅಂತ ಪೊಲೀಸರು ಮಾತು ಕೊಟ್ಟಿದ್ದರು. ಅವನು ನಂಬಿದ. ತಾಯಿ ಕೇಳಿದಾಗ ಇಲ್ಲ ಅಂದ.

ತಾಯಿ ಸಿನಿಮಾದಲ್ಲಿ ಇಲ್ಲವೇ ಇಲ್ಲ. ಯಾರೂ ಅದನ್ನು ಕೇಳಲಿಲ್ಲ.

ಮುದುಕನೊಬ್ಬ ಬೀಡಿ ಆರಿಸಿ ಅಂದ, "ನಂಬಿದ್ದು ತಪ್ಪಲ್ಲ ಬಿಡು. ಮನುಷ್ಯ ನಂಬ್ತಾನೆ. ಇಲ್ಲ ಅಂದಿದ್ದು ತಪ್ಪು."

ಪರದೆ ಬೆಳ್ಳಗಾಯಿತು. "ಮುಂದೆ?" ಅಂತ ಕೇಳಿದರು. ಗಲ್ಲಿಗೆ ಹಾಕಿದರು ಅನ್ನಬೇಕು ಅಂತ ಬಾಯಿ ತೆರೆದೆ. "ಮಾರ್ಚ್ ಹದಿನಾರಕ್ಕೆ ಬಿಡುತ್ತಾರೆ" ಅಂತ ಬಂದುಬಿಟ್ಟಿತು. ಜಪಾನಿನ ಕಳ್ಳನನ್ನು ಮಾರ್ಚ್ ಹದಿನಾರಕ್ಕೆ ಬಿಡುತ್ತಾರಂತೆ. ಜನ ಒಪ್ಪಿಕೊಂಡು, ಒಳ್ಳೇದಾತು ಬಿಡ್ರಿ ಅಂತ ಚಾಪೆ ಸುತ್ತಿಕೊಂಡು ಮನೆಗೆ ಹೋದರು.

ಯರ್ರಿಸ್ವಾಮಿ ಮಾತ್ರ ಪರದೆ ಮಡಿಸುತ್ತಾ ನನ್ನ ಮುಖವನ್ನೇ ನೋಡುತ್ತಿದ್ದ. "ಅಣ್ಣಾರೆ, ಹದಿನಾರಕ್ಕೆ ವ್ಯಾನು ತರ್ಲೇನು?" ಬೇಡ ಅಂದೆ. ಸರ್ಕಾರಿ ವ್ಯಾನು.

೩ ಮಾರ್ಚ್, ಶನಿವಾರ. ಚನ್ನಗಿರಿ

ಕೊನೆಯ ಪ್ರದರ್ಶನ, ನಮ್ಮ ಬೀದಿಯ ಹಿಂದಿನ ಬಯಲಿನಲ್ಲಿ. ದುರುಗಣ್ಣ ಮೇಷ್ಟರು ಪೆಟ್ಟಿಗೆ ಒಯ್ಯಲು ಬಂದವರು ನಿಂತು ನೋಡಿದರು. ನಮ್ಮೂರಿನಲ್ಲಿ ಹೇಳುವುದು ಕಷ್ಟವಾಗಬಹುದು ಅಂದುಕೊಂಡಿದ್ದೆ. ಕಷ್ಟವಾಗಲಿಲ್ಲ. ಮೈಕು ಹಿಡಿದರೆ ಎದುರಿಗಿರುವುದು ಬರೀ ತಲೆಗಳು. ಎಲ್ಲ ಹೇಳಿದೆ. ಜೀಪು ಅಂತ ಕೂಡ ಹೇಳಿದೆನಂತೆ, ಆಮೇಲೆ ಯರ್ರಿಸ್ವಾಮಿ ಹೇಳಿದ.

ಮೇಷ್ಟರು ಹತ್ತಿರ ಬಂದರು. ಕನ್ನಡಕ ಒರೆಸಿಕೊಂಡರು.

"ನಾನು ಕಳಿಸಿದ ಹಾಳೆ ಸಿಗಲಿಲ್ಲವೇ? ಆತ ಅಣ್ಣ ಅಲ್ಲವಲ್ಲ."

"ಸಿಕ್ಕಿದೆ ಸಾರ್. ಓದಿದ್ದೇನೆ."

"ಮತ್ತೆ?"

"ಜನ ಒಪ್ಪಲ್ಲ ಸಾರ್. ಬಟ್ಟಲು ಒಂದೇ ಇದೆ."

ಅವರು ಪರದೆಯ ಕಡೆ ತಿರುಗಿ ನೋಡಿದರು. "ನಾನು ಈ ಚಿತ್ರದ ಬಗ್ಗೆ ಲೇಖನ ಬರೆದಿದ್ದೇನೆ. ಬಟ್ಟಲು ನೋಡಿರಲಿಲ್ಲ," ಅಂದರು. ರಸೀದಿಗೆ ಸಹಿ ಹಾಕಿ ಪೆಟ್ಟಿಗೆ ತೆಗೆದುಕೊಂಡು ಹೋದರು.

೪ ಮಾರ್ಚ್, ಭಾನುವಾರ

ಬೆಳಗ್ಗೆ ಅವ್ವ ಅಂಗಳದಲ್ಲಿ ರಾಗಿ ಕೇರುತ್ತಿದ್ದಳು. ನಾನು ಚಪ್ಪಲಿ ಮೆಟ್ಟುತ್ತಿದ್ದೆ.

"ಏ ಕೋಳಿ, ಛತ್ರಿಯೋನಿಗೆ ಹೇಳೇ. ಊರ ಮುಂದೆ ಮೈಕ್ ಹಿಡಿದು ಹೇಳಾಕೆ ಬರ್ತೈತೆ, ಮನೆಯಾಗೆ ಹೇಳಾಕೆ ಬರಲ್ಲೇನು ಅಂತ ಕೇಳೇ."

ಪರದೆಯ ಹಿಂದೆ ಕೂತು ನೋಡಿದ್ದಾಳೆ. ನನಗೆ ಕಾಣಲಿಲ್ಲ.

ಚಪ್ಪಲಿ ಮೆಟ್ಟಿಕೊಂಡು ಹೊರಗೆ ಹೋದೆ. ಬಸ್ ಸ್ಟ್ಯಾಂಡಿನಲ್ಲಿ ಕೂತಿದ್ದೆ. ದಾವಣಗೆರೆಯ ಬಸ್ಸು ಮೂರು ಬಂದು ಹೋದವು.

೯ ಮಾರ್ಚ್, ಶುಕ್ರವಾರ

ಸಣ್ಣ ಉಳಿತಾಯದ ರೀಲು ಬಂದಿದೆ. ಸೌಂಡ್ ಇದೆ. ಮೈಕು ಬೇಕಿಲ್ಲ. ಸುಮ್ಮನೆ ನಿಂತಿರುವುದು ಕಷ್ಟ, ಕಾಲು ನೋಯುತ್ತದೆ.

೧೩ ಮಾರ್ಚ್, ಮಂಗಳವಾರ

ಇವತ್ತು ಆಫೀಸಿನಿಂದ ಬೇಗ ಬಂದೆ. ಅವ್ವ ಒಲೆಯ ಮುಂದೆ ಇದ್ದಳು. ಕೋಳಿ ಹೊಸ್ತಿಲಲ್ಲಿ ಕೂತಿತ್ತು. ನಾನು ಅದರ ಮುಂದೆ ಕುಕ್ಕರುಗಾಲಿನಲ್ಲಿ ಕೂತೆ. ಅದು ನನ್ನನ್ನು ಓರೆಗಣ್ಣಿನಿಂದ ನೋಡಿತು. ಇಷ್ಟು ದಿನದಲ್ಲಿ ನಾನು ಅದರ ಹತ್ತಿರ ಮಾತಾಡಿದ್ದೇ ಇಲ್ಲ.

"ಏ ಕೋಳಿ, ಬೈಲಪ್ಪನ್ನ ತೋರಿಸಿಕೊಟ್ಟಿದ್ದು ನಾನೇ ಅಂತ ಅವ್ವಗೆ ಹೇಳೇ. ಅವತ್ತು ಇಲ್ಲ ಅಂದಿದ್ದು ಸುಳ್ಳು ಅಂತ ಹೇಳೇ. ಕಾರ್ಡಿನಾಗೆ ಇನ್ನೂ ಮೂರು ಸಾಲು ಇದ್ವು, ಓದಲಿಲ್ಲ ಅಂತ ಹೇಳೇ."

ಮೈಕು ಇಲ್ಲದೆ ಹೇಳಿ ಅಭ್ಯಾಸವಿಲ್ಲ.

ಅವ್ವ ಮುದ್ದೆ ತಿರುವುತ್ತಿದ್ದಳು. ಕೋಲು ನಿಲ್ಲಲಿಲ್ಲ. ಮುದ್ದೆ ಕಟ್ಟಿ, ಗಂಗಾಳಕ್ಕೆ ಹಾಕಿ, ಸಾರು ಬಿಟ್ಟು, ಸೆರಗಿನಿಂದ ಮುಖ ಒರೆಸಿಕೊಂಡಳು. ಒಲೆಯ ಹೊಗೆ ಜಾಸ್ತಿ ಇತ್ತು. ಆಮೇಲೆ ಅಂದಳು, "ಏ ಕೋಳಿ, ಹದಿನಾರಕ್ಕೆ ಮೊದಲ್ನೇ ಬಸ್ಸಿಗೆ ಹೋಗು ಅಂತ ಹೇಳೇ. ಅವನು ಬರಲ್ಲ ಅಂದ್ರೂ ಹೋಗು ಅಂತ ಹೇಳೇ."

೧೬ ಮಾರ್ಚ್, ಶುಕ್ರವಾರ

ಶಿವಮೊಗ್ಗ. ಜೈಲಿನ ಗೇಟಿನ ಎದುರು ಒಂದು ಬೇವಿನ ಮರ. ಅದರ ಕೆಳಗೆ ನಿಂತಿದ್ದೆ. ಹತ್ತೂವರೆಗೆ ಬಿಟ್ಟರು. ಅರಿವೆ ಗಂಟು ಕಂಕುಳಲ್ಲಿ ಇಟ್ಟುಕೊಂಡು ಬಂದ. ಇಳಿದುಹೋಗಿದ್ದಾನೆ. ಕಿವಿ ಮಾತ್ರ ದೊಡ್ಡದಾಗಿ ಕಾಣುತ್ತದೆ. ನನ್ನನ್ನು ಕಂಡು ನಿಂತ. ಆಮೇಲೆ ಪಕ್ಕದಿಂದ ಹಾದು ಹೊರಟ.

"ಬೈಲಪ್ಪ, ನಾನೇ ಹೇಳಿದ್ದು," ಅಂದೆ. "ಎರಡೇಟು ಹಾಕಿ ಬಿಡ್ತೀವಿ ಅಂದಿದ್ರು. ನಂಬಿದೆ."

ಅವನು ತಿರುಗಿದ. "ಕೈ ಎತ್ತಿ ತೋರಿಸಿದ್ದು ನಾನು ನೋಡಲಿಲ್ಲೇನು? ಹೊಸದಾಗಿ ಹೇಳಾಕೆ ಬಂದೀಯೇನು?"

"ಅವ್ವಗೆ ಇಲ್ಲ ಅಂದಿದ್ದೆ."

"ಅದೂ ಗೊತ್ತು. ಮೊದಲ್ನೇ ತಿಂಗಳು ಮಾವ ನೋಡಾಕೆ ಬಂದಾಗ ಹೇಳಿದ." ಗಂಟನ್ನು ಒಂದು ಕಂಕುಳಿನಿಂದ ಇನ್ನೊಂದಕ್ಕೆ ಬದಲಾಯಿಸಿದ. "ಅದಕ್ಕೇ ಸಿಟ್ಟು ನಂಗೆ. ಹಿಡಿದುಕೊಟ್ಟಿದ್ದಕ್ಕಲ್ಲ. ನಾನು ಕದ್ದಿದ್ದೆ. ಕೇಳಿದಾಗ ಕದ್ದೆ ಅಂತ ಒಪ್ಪಿಕೊಂಡೆ. ನೀನು?"

"ಮೊನ್ನೆ ಹೇಳಿದೆ."

"ಅವ್ವಗಾ?"

"ಕೋಳಿಗೆ. ಅವ್ವ ಅಲ್ಲೇ ಇದ್ದಳು."

ಅವನು ನನ್ನ ಮುಖ ನೋಡಿದ. ಅವನಿಗೆ ನಗು ಬಂದ ಹಾಗಾಯಿತು, ಬರಲಿಲ್ಲ. ಹುಬ್ಬಳ್ಳಿ ಬಸ್ಸು ಎಷ್ಟೊತ್ತಿಗೆ ಅಂತ ಕೇಳಿದ. ಎರಡು ಗಂಟೆಗೆ ಅಂದೆ. ಚನ್ನಗಿರಿಗೆ? ಹನ್ನೆರಡೂವರೆಗೆ ಅಂದೆ. ಎರಡನ್ನೂ ವಿಚಾರಿಸಿ ಇಟ್ಟುಕೊಂಡಿದ್ದೆ.

ಬಸ್ ಸ್ಟ್ಯಾಂಡಿನ ಬೆಂಚಿನ ಆ ತುದಿಗೆ ಅವನು, ಈ ತುದಿಗೆ ನಾನು. ಹನ್ನೆರಡೂವರೆಯ ಬಸ್ಸು ಬಂತು. ಅವನು ಏಳಲಿಲ್ಲ. ಕಂಡಕ್ಟರು ಸೀಟಿ ಊದಿದ. ನಾನು ಹತ್ತಲಿಲ್ಲ. ಬಸ್ಸು ಹೊರಟು ಗೇಟಿನ ಹತ್ತಿರ ಹೋದಾಗ ಅವನು ಎದ್ದು ಓಡಿದ, ನಾನೂ ಓಡಿದೆ. ಫುಟ್‌ಬೋರ್ಡಿನ ಮೇಲೆ ನಿಂತು ಅವನು ನನ್ನ ರೆಟ್ಟೆ ಹಿಡಿದು ಎಳೆದುಕೊಂಡ. ಆಮೇಲೆ ಹಿಂದಿನ ಸೀಟಿನಲ್ಲಿ ಕಿಟಕಿಗೆ ಮುಖ ಮಾಡಿ ಕೂತ. ನಾನು ಮುಂದೆ ಕೂತೆ.

ಅವ್ವ ಬಾಗಿಲಲ್ಲಿ ಇದ್ದಳು. ಅವನ ತಲೆ ಸವರಿದಳು, ಕಿವಿ ಹಿಡಿದು ನೋಡಿದಳು, ಕಾಲಿಗೆ ನೀರು ಕೊಟ್ಟಳು. ನನಗೂ ಅದೇ ಚೊಂಬಿನಲ್ಲಿ ಉಳಿದ ನೀರು ಕೊಟ್ಟಳು. ಇಬ್ಬರೂ ಗೋಡೆಗೆ ಒರಗಿ ಕೂತೆವು, ನಡುವೆ ಒಂದಾಳು ಜಾಗ ಬಿಟ್ಟು. ಅವ್ವ ಒಂದು ಗಂಗಾಳ ತಂದು ಆ ಜಾಗದಲ್ಲಿ ಇಟ್ಟಳು. ಎರಡು ಮುದ್ದೆ, ಸಾರು.

"ಗಂಗಾಳ ಒಂದೇ ಐತೆ," ಅಂದಳು. ಕೋಳಿ ಅಲ್ಲಿ ಇರಲಿಲ್ಲ. ನಮ್ಮಿಬ್ಬರ ಮುಖ ನೋಡಿಯೇ ಅಂದಳು. "ಉಣ್ರಿ."

ಗೂಡಿನಲ್ಲಿ ಇನ್ನೂ ಎರಡು ಗಂಗಾಳ ಇದ್ದವು. ಬೆಳಗಿ ಇಟ್ಟಿದ್ದಳು, ನಾನು ಕೂತಲ್ಲಿಂದಲೇ ಕಾಣುತ್ತಿದ್ದವು. ಬೈಲಪ್ಪನಿಗೂ ಕಾಣುತ್ತಿದ್ದವು. ಅವನು ಆ ಕಡೆಯಿಂದ ಕೈ ಹಾಕಿದ, ನಾನು ಈ ಕಡೆಯಿಂದ.

ಸಾರಿಗೆ ಉಪ್ಪು ಸ್ವಲ್ಪ ಜಾಸ್ತಿಯಾಗಿತ್ತು.